ಚುನಾವಣೆಗೆ ಒಂದೇ ತೂಬು: ವಕೀಲ ಹೆನ್ರಿ ಜೇಮ್ಸ್ ತಂದ ಕಾನೂನು

ಫಲಿತಾಂಶ ಬಂದು 30 ದಿನ ಕಳೆಯುವುದರೊಳಗೆ ನಮ್ಮಲ್ಲಿ ಪ್ರತಿ ಅಭ್ಯರ್ಥಿಯೂ, ಗೆದ್ದವರಿರಲಿ ಠೇವಣಿ ಕಳೆದುಕೊಂಡವರಿರಲಿ, ಜಿಲ್ಲಾ ಚುನಾವಣಾಧಿಕಾರಿಗೆ ಖರ್ಚಿನ ಲೆಕ್ಕ ಒಪ್ಪಿಸಬೇಕು. ಕರಪತ್ರದ ಅಡಿಯಲ್ಲಿ ಮುದ್ರಕರ, ಪ್ರಕಾಶಕರ ಹೆಸರು ವಿಳಾಸ ಇರಲೇಬೇಕು. ಮತದಾರರನ್ನು ಪುಕ್ಕಟೆಯಾಗಿ ಮತಗಟ್ಟೆಗೆ ಸಾಗಿಸಲು ಅಭ್ಯರ್ಥಿ ವಾಹನ ಬಾಡಿಗೆಗೆ ಹಿಡಿದರೆ ಗೆದ್ದ ಸ್ಥಾನವೂ ಹೋಗಬಹುದು. ಚುನಾವಣಾ ಏಜೆಂಟ್ ಎಂಬೊಬ್ಬ ವ್ಯಕ್ತಿ ಇರುತ್ತಾನೆ, ಅವನ ತಪ್ಪು ಅಭ್ಯರ್ಥಿಯ ತಲೆಗೇ ಬರುತ್ತದೆ. ಇವೆಲ್ಲ ಸ್ವತಂತ್ರ ಭಾರತದ ಚುನಾವಣಾ ಆಯೋಗ ಕಂಡುಹಿಡಿದ ನಿಯಮಗಳೆಂದು ಹಲವರು ತಿಳಿದಿದ್ದಾರೆ. ಇವುಗಳ ಬೇರು ಇರುವುದು 1883ರ ಆಗಸ್ಟ್ 25ರಂದು ವಿಕ್ಟೋರಿಯಾ ರಾಣಿಯ ಒಪ್ಪಿಗೆ ಪಡೆದ ಒಂದು ಬ್ರಿಟಿಷ್ ಕಾಯ್ದೆಯಲ್ಲಿ. ಅದನ್ನು ಸಂಸತ್ತಿನಲ್ಲಿ ಹೊತ್ತು ದಡ ಸೇರಿಸಿದವನು ಸರ್ ಹೆನ್ರಿ ಜೇಮ್ಸ್ ಎಂಬ ವಕೀಲ. ಇದೇ ಹೆಸರಿನ ಕಾದಂಬರಿಕಾರ ಬೇರೆ. ಈ ಜೇಮ್ಸ್‌ನನ್ನು ಅವನ ದೇಶದಲ್ಲೂ ಇಂದು ನೆನೆಯುವವರು ಕಡಿಮೆ, ಅದು ಅನ್ಯಾಯ.

ಜೇಮ್ಸ್ ಹುಟ್ಟಿದ್ದು 1828ರ ಅಕ್ಟೋಬರ್ 30ರಂದು, ವೇಲ್ಸ್ ಗಡಿಗೆ ಹತ್ತಿರದ ಹೆರಿಫರ್ಡ್ ಪಟ್ಟಣದಲ್ಲಿ. ತಂದೆ ಅಲ್ಲಿ ಶಸ್ತ್ರವೈದ್ಯ. ಜಮೀನ್ದಾರಿ ಇಲ್ಲ, ಬಿರುದಿಲ್ಲ. 1841ರಲ್ಲಿ ಬಾಗಿಲು ತೆರೆದ ಚೆಲ್ಟನಮ್ ಕಾಲೇಜಿನ ಮೊದಮೊದಲ ವಿದ್ಯಾರ್ಥಿಗಳಲ್ಲಿ ಅವನೊಬ್ಬ. 1852ರಲ್ಲಿ ಮಿಡಲ್ ಟೆಂಪಲ್ ಮೂಲಕ ಬ್ಯಾರಿಸ್ಟರ್ ಆಗಿ ಆಕ್ಸ್‌ಫರ್ಡ್ ಸರ್ಕಿಟ್‌ನಲ್ಲಿ ವಕೀಲಿಕೆ ಶುರು ಮಾಡಿದ. ಸರ್ಕಿಟ್ ಎಂದರೆ ನ್ಯಾಯಾಧೀಶರು ಊರಿಂದೂರಿಗೆ ಹೋಗಿ ಕೋರ್ಟು ನಡೆಸುವ ಸುತ್ತು. ವಕೀಲರೂ ಅವರ ಹಿಂದೆಯೇ ಸುತ್ತುತ್ತಿದ್ದರು. 1869ರಲ್ಲಿ ಕ್ವೀನ್ಸ್ ಕೌನ್ಸೆಲ್, ಅಂದರೆ ಹಿರಿಯ ವಕೀಲನ ಪದವಿ ಸಿಕ್ಕಿತು.

ಅದೇ ವರ್ಷ ಪಾರ್ಲಿಮೆಂಟಿನ ಬಾಗಿಲೂ ತೆರೆಯಿತು, ಆದರೆ ಮತಪೆಟ್ಟಿಗೆಯಿಂದಲ್ಲ. 1868ರ ಚುನಾವಣೆಯಲ್ಲಿ ಸಾಮರ್ಸೆಟ್‌ನ ಟಾಂಟನ್ ಕ್ಷೇತ್ರದಲ್ಲಿ ಲಿಬರಲ್ ಅಭ್ಯರ್ಥಿಯಾಗಿ ನಿಂತ ಜೇಮ್ಸ್ ಸೋತಿದ್ದ. ಗೆದ್ದವನು ಎಡ್ವರ್ಡ್ ವಿಲಿಯಂ ಕಾಕ್ಸ್, ಅವನೂ ವಕೀಲನೇ. ಚುನಾವಣಾ ತಕರಾರು ಅರ್ಜಿಗಳನ್ನು ಸಂಸದರ ಸಮಿತಿಯಿಂದ ಕಿತ್ತು ನ್ಯಾಯಾಧೀಶರಿಗೆ ಒಪ್ಪಿಸುವ ಕಾಯ್ದೆ ಆಗಷ್ಟೇ, 1868ರಲ್ಲಿ, ಬಂದಿತ್ತು. ಅರ್ಜಿ ವಿಚಾರಣೆಯಾಗಿ ಕಾಕ್ಸ್ ಸ್ಥಾನ ಕಳೆದುಕೊಂಡ, ಜೇಮ್ಸ್ ಚುನಾಯಿತನೆಂದು ಘೋಷಣೆಯಾಯಿತು. ಮುಂದೆ ಚುನಾವಣಾ ಕಾನೂನಿಗೇ ಹೊಸ ರೂಪ ಕೊಡಲಿದ್ದ ಮನುಷ್ಯ ಸಂಸದನಾದದ್ದು ಚುನಾವಣಾ ಅರ್ಜಿಯ ತೀರ್ಪಿನಿಂದ. ಮತಗಳು ಹೇಗೆ ಬರುತ್ತವೆ, ಅವುಗಳ ಹಿಂದಿನ ದುಡ್ಡು ಯಾವ ಕೈಯಿಂದ ಯಾವ ಕೈಗೆ ಹೋಗುತ್ತದೆ, ಸಾಕ್ಷಿ ಎಲ್ಲಿ ಜಾರಿಕೊಳ್ಳುತ್ತದೆ ಎಂಬುದನ್ನು ಕಕ್ಷಿದಾರನ ಕುರ್ಚಿಯಿಂದಲೇ ಕಂಡವನು ಅವನು. 1873ರಲ್ಲಿ ಪ್ರಧಾನಿ ಗ್ಲ್ಯಾಡ್‌ಸ್ಟನ್ ಅವನನ್ನು ಮೊದಲು ಸಾಲಿಸಿಟರ್ ಜನರಲ್, ಕೆಲವೇ ವಾರಗಳಲ್ಲಿ ಅಟಾರ್ನಿ ಜನರಲ್ ಮಾಡಿದ. 1874ರಲ್ಲಿ ಸರ್ಕಾರ ಬಿತ್ತು. 1880ರಲ್ಲಿ ಲಿಬರಲ್ ಪಕ್ಷ ಮತ್ತೆ ಬಂದಾಗ ಜೇಮ್ಸ್ ಮತ್ತೆ ಅಟಾರ್ನಿ ಜನರಲ್.

1880ರ ಆ ಚುನಾವಣೆ ಎಷ್ಟು ದುಬಾರಿಯಾಗಿತ್ತೆಂದರೆ ಅಭ್ಯರ್ಥಿಗಳು ತಾವಾಗಿ ಒಪ್ಪಿಕೊಂಡ ಖರ್ಚೇ 17 ಲಕ್ಷ ಪೌಂಡ್ ದಾಟಿತ್ತು. ಬಿದ್ದ ಒಂದೊಂದು ಮತಕ್ಕೆ ಸರಾಸರಿ 18 ಶಿಲ್ಲಿಂಗ್ 9 ಪೆನ್ಸ್, ಅಂದರೆ ಹತ್ತಿರಹತ್ತಿರ ಒಂದು ಪೌಂಡ್. ಇದು ಕಾಗದದ ಮೇಲಿನ ಲೆಕ್ಕ. ಗುಪ್ತ ಮತದಾನ 1872ರಲ್ಲೇ ಬಂದಿತ್ತು. ಯಾರಿಗೆ ಹಾಕಿದನೆಂದು ಗೊತ್ತಾಗದ ಮೇಲೆ ಯಾರು ದುಡ್ಡು ಕೊಡುತ್ತಾರೆ ಎಂದು ಅದರ ಬೆಂಬಲಿಗರು ನಂಬಿದ್ದರು. ದುಡ್ಡು ನಿಲ್ಲಲಿಲ್ಲ. ಮತದಾರ ಎರಡೂ ಕಡೆಯಿಂದ ತೆಗೆದುಕೊಳ್ಳುವುದು ಸುಲಭವಾಯಿತು, ಅಷ್ಟೆ. ಕುಕ್ಕರು, ಸೀರೆ, ಕೂಪನ್ನುಗಳ ಚುನಾವಣೆ ನೋಡಿರುವ ನಮಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ತಕರಾರು ಅರ್ಜಿಗಳ ರಾಶಿಯೇ ಬಿತ್ತು. ಎಂಟು ಪಟ್ಟಣಗಳ ಸ್ಥಿತಿ ಎಷ್ಟು ಕೆಟ್ಟಿತ್ತೆಂದರೆ ಅಲ್ಲಿಗೆ ವಿಚಾರಣಾ ಆಯೋಗಗಳನ್ನೇ ಕಳಿಸಬೇಕಾಯಿತು: ಬಾಸ್ಟನ್, ಕ್ಯಾಂಟರ್ಬರಿ, ಚೆಸ್ಟರ್, ಗ್ಲಾಸ್ಟರ್, ನೇರ್ಸ್‌ಬರೋ, ಮ್ಯಾಕಲ್ಸ್‌ಫೀಲ್ಡ್, ಆಕ್ಸ್‌ಫರ್ಡ್, ಸ್ಯಾಂಡ್‌ವಿಚ್. ಸ್ಯಾಂಡ್‌ವಿಚ್‌ನಲ್ಲಿ ಲಂಚ ಪಡೆದವರೆಂದು ಆಯೋಗ ಪಟ್ಟಿ ಮಾಡಿದ ಮತದಾರರೇ ಸಾವಿರದಷ್ಟು. ಆಕ್ಸ್‌ಫರ್ಡ್‌ನ ಉಪಚುನಾವಣೆಯಲ್ಲಿ ಹೊಸ ಗೃಹಮಂತ್ರಿ ವಿಲಿಯಂ ಹಾರ್ಕೋರ್ಟ್‌ನನ್ನೇ ಸೋಲಿಸಿದ್ದ ಹಾಲ್ ಎಂಬಾತನ ಆಯ್ಕೆ ರದ್ದಾಯಿತು, ಮುಂದಿನ ಮಹಾಚುನಾವಣೆಯವರೆಗೂ ಆ ಸ್ಥಾನ ಖಾಲಿ ಉಳಿಯಿತು. ಹಾರ್ಕೋರ್ಟ್ ಜೇಮ್ಸ್‌ನ ಆಪ್ತ ಗೆಳೆಯ. 1885ರಲ್ಲಿ ಕ್ಷೇತ್ರಗಳ ಮರುವಿಂಗಡಣೆಯಾದಾಗ ಸ್ಯಾಂಡ್‌ವಿಚ್ ಮತ್ತು ಮ್ಯಾಕಲ್ಸ್‌ಫೀಲ್ಡ್ ಎಂಬ ಕ್ಷೇತ್ರಗಳನ್ನೇ ಅಳಿಸಿಹಾಕಲಾಯಿತು.

ಆಯೋಗಗಳ ವರದಿಗಳಲ್ಲಿ ಬಯಲಾದ ಒಂದು ಸಂಗತಿ ಜೇಮ್ಸ್‌ನ ಇಡೀ ಕಾನೂನಿಗೆ ಬುನಾದಿ. ಮತದಾರನ ಅಂಗೈಗೆ ನೇರವಾಗಿ ನಾಣ್ಯ ಇಡುವುದು ಲಂಚದ ಒಂದು ಪಾಲು ಮಾತ್ರ. ಉಳಿದದ್ದು ಕೆಲಸದ ವೇಷ ತೊಟ್ಟು ಬರುತ್ತಿತ್ತು. ನೂರಾರು ಮಂದಿಗೆ ‘ಸಂದೇಶವಾಹಕ’ ಎಂದು ಕೂಲಿ, ಸಾಗಿಸಲು ಸಂದೇಶವೇ ಇರುತ್ತಿರಲಿಲ್ಲ. ಬಾವುಟ ಹಿಡಿಯುವವನಿಗೆ, ಬಾವುಟದ ಕಂಬ ಕಾಯುವವನಿಗೆ, ಬ್ಯಾಂಡು ಬಾರಿಸುವವನಿಗೆ, ಕಿಟಕಿಯಲ್ಲಿ ಭಿತ್ತಿಪತ್ರ ಅಂಟಿಸಿಕೊಂಡ ಮನೆಯವನಿಗೆ ಹಣ. ಹೆಂಡದಂಗಡಿಯ ಒಂದು ಕೋಣೆಯನ್ನು ‘ಸಮಿತಿ ಕೊಠಡಿ’ ಎಂದು ಬಾಡಿಗೆಗೆ ಹಿಡಿದರೆ ಅಂಗಡಿಯವನ ಮತವೂ ಬಂತು, ಅವನ ಗಿರಾಕಿಗಳ ಮತವೂ ಬಂತು. ಕೋರ್ಟಿನಲ್ಲಿ ಇದನ್ನು ಲಂಚವೆಂದು ಸಾಬೀತು ಮಾಡುವುದು ಹೇಗೆ? ಬಾಡಿಗೆಗೆ ರಸೀದಿ ಇದೆ, ಕೂಲಿಗೆ ಸಹಿ ಇದೆ. ಮತ ಕೊಳ್ಳುವ ಉದ್ದೇಶವಿತ್ತು ಎಂದು ತೋರಿಸುವ ಹೊರೆ ಅರ್ಜಿದಾರನ ಮೇಲೆ.

ಜೇಮ್ಸ್ ಆ ಹೊರೆಯನ್ನೇ ತೆಗೆದುಹಾಕಿದ. ಉದ್ದೇಶ ಏನೇ ಇರಲಿ, ಇಂಥಿಂಥ ಬಾಬತ್ತಿಗೆ ದುಡ್ಡು ಕೊಟ್ಟದ್ದೇ ಅಪರಾಧ ಎಂದ. ಕಾಯ್ದೆ ತಪ್ಪುಗಳನ್ನು ಎರಡು ದೊಡ್ಡ ಗುಂಪು ಮಾಡಿತು. ಲಂಚ, ಊಟ-ಕುಡಿತದ ಉಪಚಾರ, ಬೆದರಿಕೆ, ಬೇರೆಯವರ ಹೆಸರಲ್ಲಿ ಮತ ಹಾಕುವುದು, ಲೆಕ್ಕದ ಬಗ್ಗೆ ಸುಳ್ಳು ಘೋಷಣೆ, ಇವು ‘ಭ್ರಷ್ಟ ಆಚರಣೆ’. ಇವುಗಳಿಗೆ ಒಂದು ವರ್ಷದವರೆಗೆ ಜೈಲು ಅಥವಾ 200 ಪೌಂಡ್‌ವರೆಗೆ ದಂಡ, ಸುಳ್ಳು ಹೆಸರಲ್ಲಿ ಮತ ಹಾಕಿದರೆ ಎರಡು ವರ್ಷದವರೆಗೆ ಕಠಿಣ ಸಜೆ. ಇನ್ನೊಂದು ಗುಂಪು ‘ಅಕ್ರಮ ಆಚರಣೆ’. ಮತದಾರರ ಸಾಗಣೆಗೆ ಬಾಡಿಗೆ ಗಾಡಿ, ರೈಲು ಟಿಕೆಟ್ಟು, ಮತದಾರನ ಗೋಡೆಗೆ ಬಾಡಿಗೆ, ಮಿತಿ ಮೀರಿದ ಖರ್ಚು, ಏಜೆಂಟನ್ನು ಬಿಟ್ಟು ಮಾಡಿದ ಪಾವತಿ, ಎಲ್ಲ ಇದರೊಳಗೆ. 100 ಪೌಂಡ್‌ವರೆಗೆ ದಂಡ, ಐದು ವರ್ಷ ಮತದಾನದ ಹಕ್ಕು ಇಲ್ಲ. ಬ್ಯಾಂಡು, ಪಂಜು, ಬಾವುಟ, ಎದೆಗೆ ಸಿಕ್ಕಿಸುವ ರಿಬ್ಬನ್ನು ಇವುಗಳಿಗೆ ಹಣ ಕೊಡುವುದೂ, ಹೆಂಡದಂಗಡಿಯಲ್ಲಿ ಸಮಿತಿ ಕೊಠಡಿ ಹಿಡಿಯುವುದೂ ಪ್ರತ್ಯೇಕವಾಗಿ ನಿಷಿದ್ಧ. ಈ ಎರಡನೇ ಬಗೆಯೇ ಜೇಮ್ಸ್‌ನ ನಿಜವಾದ ಕಾಣಿಕೆ ಎಂಬುದು ನನ್ನ ಅಭಿಪ್ರಾಯ. ಲಂಚಕ್ಕೆ ಶಿಕ್ಷೆ ಹೇಳುವ ಕಾನೂನು ಅವನಿಗಿಂತ ಮೊದಲೂ ಇತ್ತು, ಅದರಿಂದ ಆದದ್ದು ಅಷ್ಟಕ್ಕಷ್ಟೆ.

ಇನ್ನು ಹಣ ಹರಿಯುವ ದಾರಿ. ಕೆರೆಗೆ ಹತ್ತು ಕಡೆ ಕೋಡಿ ಒಡೆದಿದ್ದರೆ ಎಷ್ಟು ನೀರು ಹೋಯಿತೆಂದು ಯಾರೂ ಹೇಳಲಾರರು, ತೂಬು ಒಂದೇ ಇದ್ದರೆ ಅಳೆಯಬಹುದು. ಚುನಾವಣಾ ಏಜೆಂಟ್ ಆ ತೂಬು. ಹಿಂದೆಯೂ ಏಜೆಂಟರಿದ್ದರು. 1854ರ ಕಾಯ್ದೆ ಸರ್ಕಾರದ ಲೆಕ್ಕಪರಿಶೋಧಕರನ್ನೂ ತಂದಿತ್ತು. ಅವರ ಕೈಗೆ ಬಂದದ್ದು ತೋರಿಸಬಹುದಾದ ಖರ್ಚು ಮಾತ್ರ, ಉಳಿದದ್ದು ಬೆನ್ನಹಿಂದೆ ಹರಿಯಿತು. 1863ರಲ್ಲಿ ಆ ಹುದ್ದೆಯನ್ನೇ ರದ್ದು ಮಾಡಿದರು. 1883ರ ಕಾಯ್ದೆ ಪ್ರತಿ ಅಭ್ಯರ್ಥಿಗೆ ಒಬ್ಬನೇ ಚುನಾವಣಾ ಏಜೆಂಟ್ ಎಂದಿತು. ನಾಮಪತ್ರದ ದಿನದೊಳಗೆ ಅವನ ಹೆಸರು ಘೋಷಿಸಬೇಕು. ಅಭ್ಯರ್ಥಿ ತನ್ನ ಸ್ವಂತ ಓಡಾಟಕ್ಕೆ 100 ಪೌಂಡ್‌ವರೆಗೆ ಖರ್ಚು ಮಾಡಬಹುದು, ಅದು ಬಿಟ್ಟರೆ ಪ್ರತಿ ಪೆನ್ನಿಯೂ ಏಜೆಂಟನ ಕೈಯಿಂದಲೇ ಹೋಗಬೇಕು. 40 ಶಿಲ್ಲಿಂಗ್ ಮತ್ತು ಮೇಲ್ಪಟ್ಟ ಪ್ರತಿ ಪಾವತಿಗೂ ವಿವರವಾದ ಬಿಲ್ಲು, ರಸೀದಿ. ಫಲಿತಾಂಶವಾಗಿ 14 ದಿನದೊಳಗೆ ಬಾಕಿದಾರರು ಬಿಲ್ಲು ಕಳಿಸಬೇಕು, 28 ದಿನದೊಳಗೆ ಏಜೆಂಟ್ ತೀರಿಸಬೇಕು, 35 ದಿನದೊಳಗೆ ಪೂರ್ತಿ ಲೆಕ್ಕ ಪ್ರಮಾಣ ಸಹಿತ ಚುನಾವಣಾಧಿಕಾರಿಗೆ ಹೋಗಬೇಕು. ಗಡುವು ತಪ್ಪಿದ ಬಿಲ್ಲನ್ನು ಕೋರ್ಟಿನ ಅನುಮತಿಯಿಲ್ಲದೆ ತೀರಿಸುವಂತಿಲ್ಲ. ಹಿಂದೆಲ್ಲ ಚುನಾವಣೆ ಮುಗಿದು, ಅರ್ಜಿ ಹಾಕುವ ಅವಧಿಯೂ ಮುಗಿದ ಮೇಲೆ ನಿಧಾನವಾಗಿ ಬಟವಾಡೆಯಾಗುವ ದುಡ್ಡು ಬಹಳವಿತ್ತು. ಈ ಗಡುವು ಆ ದಾರಿಗೆ ಬೇಲಿ ಹಾಕಿತು.

ಖರ್ಚಿನ ಮಿತಿಯನ್ನು ಮತದಾರರ ಸಂಖ್ಯೆಗೆ ಕಟ್ಟಲಾಯಿತು. ಇಂಗ್ಲೆಂಡಿನ ಪಟ್ಟಣ ಕ್ಷೇತ್ರದಲ್ಲಿ 2,000 ಮತದಾರರವರೆಗೆ 350 ಪೌಂಡ್. ಅದಕ್ಕಿಂತ ಹೆಚ್ಚಿದ್ದರೆ 380, ಜೊತೆಗೆ 2,000ದ ಮೇಲಿನ ಪ್ರತಿ ಪೂರ್ಣ ಸಾವಿರಕ್ಕೆ 30. ಹಳ್ಳಿಗಾಡಿನ ಕೌಂಟಿ ಕ್ಷೇತ್ರ ವಿಸ್ತಾರವಾದ್ದರಿಂದ ಅಲ್ಲಿ 650, ಮೇಲೆ 710, ಪ್ರತಿ ಸಾವಿರಕ್ಕೆ 60. ಉದಾಹರಣೆಗೆ 7,400 ಮತದಾರರ ಪಟ್ಟಣವೆನ್ನಿ. 2,000ದ ಮೇಲೆ ಪೂರ್ಣ ಸಾವಿರಗಳು ಐದು. 380ಕ್ಕೆ 150 ಸೇರಿ 530 ಪೌಂಡ್. ಉಳಿದ 400 ಮಂದಿಗೆ ಏನೂ ಸಿಗದು. ಇದೇ ಊರಿನಲ್ಲಿ ಎಷ್ಟು ಗುಮಾಸ್ತರು? ಪ್ರತಿ 500 ಮತದಾರರಿಗೆ ಒಬ್ಬ ಗುಮಾಸ್ತ, ಒಬ್ಬ ಸಂದೇಶವಾಹಕ, ಒಂದು ಸಮಿತಿ ಕೊಠಡಿ. ಇಲ್ಲಿ ಮಾತ್ರ ಉಳಿಕೆಗೂ ಒಂದು ಉಂಟು, ಹಾಗಾಗಿ 15, 15, 15. ಮತಗಟ್ಟೆಗೊಬ್ಬ ಪೋಲಿಂಗ್ ಏಜೆಂಟ್. ಮನೆಮನೆಗೆ ಹೋಗಿ ಮತ ಕೇಳುವವರಿಗೆ ಸಂಬಳವೇ ಇಲ್ಲ, ಕಾರಣ ಅನುಮತಿಸಿದ ಹುದ್ದೆಗಳ ಪಟ್ಟಿಯಲ್ಲಿ ಅವರಿಲ್ಲ. ಸಂಬಳ ಪಡೆದವರು ಯಾರೂ ಮತ ಹಾಕುವಂತಿಲ್ಲ. ಈ ಒಂದು ಸಾಲಿನಿಂದ ನೌಕರಿ ಕೊಟ್ಟು ಮತ ಕೊಳ್ಳುವ ವ್ಯಾಪಾರದ ಅರ್ಥವೇ ಹೋಯಿತು.

‘ಇತರೆ’ ಎಂಬ ಕಲಮಿಗೂ ಜೇಮ್ಸ್ ಕಾಯ್ದೆ ಮಿತಿ ಹಾಕಿತ್ತು, 200 ಪೌಂಡ್. ಲೆಕ್ಕಪತ್ರ ನೋಡಿ ಬಲ್ಲವರಿಗೆ ಅದರ ಬೆಲೆ ಗೊತ್ತು. ಬೇರೆಲ್ಲ ಬಾಗಿಲು ಮುಚ್ಚಿದಾಗ ಕಳ್ಳಖರ್ಚು ಬಂದು ಅಡಗುವುದು ಅಲ್ಲೇ.

ಈ ಮಸೂದೆ ಒಂದೇ ಏಟಿಗೆ ಅಂಗೀಕಾರವಾಗಲಿಲ್ಲ. 1881ರ ಜನವರಿಯಲ್ಲಿ ಮೊದಲ ಸಲ ಮಂಡನೆಯಾಗಿ ಐರ್ಲೆಂಡಿನ ಗದ್ದಲದಲ್ಲಿ ಕೊಚ್ಚಿಹೋಯಿತು. 1882ರಲ್ಲಿ ಮತ್ತೆ ಬಂದು ಮತ್ತೆ ನಿಂತಿತು. 1883ರಲ್ಲಿ ಮೂರನೇ ಸಲ ಸಮಿತಿ ಹಂತದಲ್ಲಿ ಸಾಲುಸಾಲಾಗಿ ಚರ್ಚೆ ನಡೆಯಿತು. ಅಂತಿಮವಾಗಿ ಎರಡೂ ಪಕ್ಷಗಳು ಒಪ್ಪಿದ್ದಕ್ಕೆ ಆದರ್ಶವೊಂದೇ ಕಾರಣವಲ್ಲ. ಅಂದಿನ ಸಂಸದರಿಗೆ ಸಂಬಳವಿರಲಿಲ್ಲ, ಚುನಾವಣಾ ಖರ್ಚು ಬಹುತೇಕ ಅವರ ಜೇಬಿನದೇ. ಮತದಾರರ ಸಂಖ್ಯೆ ಹೆಚ್ಚುವ ಸೂಚನೆ ಕಣ್ಣಮುಂದಿತ್ತು. ಹಳೆಯ ದರದಲ್ಲೇ ಹೋದರೆ ಶ್ರೀಮಂತರೂ ದಿವಾಳಿಯಾಗುತ್ತಿದ್ದರು. ಎದುರಾಳಿಯ ಕೈ ಕಟ್ಟುವುದಾದರೆ ತನ್ನ ಕೈಯನ್ನೂ ಕಟ್ಟಿಸಿಕೊಳ್ಳಲು ಎಲ್ಲರೂ ತಯಾರಿದ್ದರು. ಈ ಸ್ವಹಿತವನ್ನು ಗುರುತಿಸಿ, ಕಟ್ಟನ್ನು ಇಬ್ಬರಿಗೂ ಸಮನಾಗಿ ಬಿಗಿದದ್ದು ಜೇಮ್ಸ್‌ನ ಚಾತುರ್ಯ.

1885ರ ಚುನಾವಣೆಯ ಹೊತ್ತಿಗೆ ಮತದಾರರು ಸುಮಾರು 30 ಲಕ್ಷದಿಂದ 57 ಲಕ್ಷದಷ್ಟಾಗಿದ್ದರು. ಘೋಷಿತ ಖರ್ಚು 17 ಲಕ್ಷದಿಂದ 10 ಲಕ್ಷ ಪೌಂಡ್ ಚಿಲ್ಲರೆಗೆ ಇಳಿಯಿತು. ಒಂದು ಮತದ ಖರ್ಚು 18 ಶಿಲ್ಲಿಂಗ್ 9 ಪೆನ್ಸ್ ಇದ್ದದ್ದು 4 ಶಿಲ್ಲಿಂಗ್ 5 ಪೆನ್ಸ್ ಆಯಿತು. ಚುನಾವಣಾ ಸುಧಾರಣೆಯ ಇತಿಹಾಸದಲ್ಲಿ ಇಷ್ಟು ಬೇಗ, ಇಷ್ಟು ಸ್ಪಷ್ಟವಾಗಿ ಫಲ ಕಂಡ ಕಾನೂನುಗಳು ವಿರಳ.

ಏಕೆ ಫಲಿಸಿತು ಎಂದರೆ, ಏಜೆಂಟನ ತಪ್ಪಿಗೆ ಅಭ್ಯರ್ಥಿ ಸ್ಥಾನವನ್ನೇ ತೆರಬೇಕಿತ್ತು. ತನಗೆ ಗೊತ್ತಿರಲಿಲ್ಲ ಎಂಬ ಮಾತು ನಡೆಯುತ್ತಿರಲಿಲ್ಲ. ಏಜೆಂಟ್ ಭ್ರಷ್ಟ ಆಚರಣೆ ಮಾಡಿದನೆಂದಾದರೆ ಆಯ್ಕೆ ರದ್ದು, ಅದೇ ಕ್ಷೇತ್ರದಲ್ಲಿ ಏಳು ವರ್ಷ ನಿಲ್ಲುವಂತಿಲ್ಲ. ಅಭ್ಯರ್ಥಿ ಸ್ವತಃ ಮಾಡಿದನೆಂದಾದರೆ ಆ ಕ್ಷೇತ್ರ ಜೀವಮಾನವಿಡೀ ಮುಚ್ಚಿತು. 1892ರಲ್ಲಿ ವಾಲ್ಸಲ್‌ನಲ್ಲಿ ಗೆದ್ದ ಫ್ರ್ಯಾಂಕ್ ಜೇಮ್ಸ್ ಎಂಬಾತ ಸ್ಥಾನ ಕಳೆದುಕೊಂಡದ್ದು ಟೋಪಿಗೆ ಸಿಕ್ಕಿಸುವ ಅವನ ಭಾವಚಿತ್ರದ ಕಾರ್ಡುಗಳಿಂದ. ಕಾರ್ಡು ಕ್ಷುಲ್ಲಕವೆನಿಸಬಹುದು, ಆದರೆ ಇಂಥ ಗುರುತುಗಳಿಗೆ ಹಣ ಕೊಡಕೂಡದೆಂಬ ನಿಯಮ ನಿಯಮವೇ. ತೀರಾ ಸಣ್ಣ ತಪ್ಪಿಗೆ ಅನ್ಯಾಯವಾಗದಂತೆ, ಎಚ್ಚರ ವಹಿಸಿಯೂ ಪ್ರಮಾದವಾದ ಪ್ರಕರಣಗಳಲ್ಲಿ ವಿನಾಯಿತಿ ಕೊಡುವ ಅಧಿಕಾರ ಕೋರ್ಟಿಗಿತ್ತು.

ಬೆದರಿಕೆಯ ವ್ಯಾಖ್ಯೆಯಲ್ಲಿ ‘ಲೌಕಿಕ ಅಥವಾ ಆಧ್ಯಾತ್ಮಿಕ ಹಾನಿ’ ಎಂಬ ಮಾತಿತ್ತು. ಅದರ ಬಲ ತಿಳಿದದ್ದೂ 1892ರಲ್ಲೇ. ಐರ್ಲೆಂಡಿನ ಮೀತ್ ಕೌಂಟಿಯಲ್ಲಿ ಬಿಷಪ್ ನಲ್ಟಿ ಹೊರಡಿಸಿದ ಪತ್ರ ಚರ್ಚುಗಳಲ್ಲಿ ಓದಿಸಲ್ಪಟ್ಟಿತು. ಐರಿಷ್ ಸ್ವಯಮಾಡಳಿತದ ನಾಯಕನಾಗಿದ್ದ ಪಾರ್ನೆಲ್‌ನ ಬಣವನ್ನು ಬೆಂಬಲಿಸುವುದು ಧರ್ಮಕ್ಕೆ ವಿರುದ್ಧವೆಂಬ ಒತ್ತಡ ಪಾದ್ರಿಗಳಿಂದ ಬಂತು. ಉತ್ತರ ಮತ್ತು ದಕ್ಷಿಣ ಮೀತ್, ಎರಡರ ಫಲಿತಾಂಶವನ್ನೂ ಕೋರ್ಟು ಅನೂರ್ಜಿತಗೊಳಿಸಿತು. ಹೋರಾಟಗಾರ ಮೈಕೆಲ್ ಡೇವಿಟ್ ಹಾಗೆ ಸ್ಥಾನ ಕಳೆದುಕೊಂಡವರಲ್ಲಿ ಒಬ್ಬ.

ತೂತುಗಳೂ ಇದ್ದವು. ಬಾಡಿಗೆ ಗಾಡಿ ನಿಷಿದ್ಧ, ಆದರೆ ಸಾಹುಕಾರ ತನ್ನ ಸ್ವಂತ ಸಾರೋಟನ್ನು ಪುಕ್ಕಟೆ ಕೊಡಬಹುದಿತ್ತು. ಸಾರೋಟು ಯಾರ ಬಳಿ ಹೆಚ್ಚಿತ್ತೋ ಆ ಪಕ್ಷಕ್ಕೆ ಲಾಭ, ಕಾರು ಬಂದ ಮೇಲೂ ಅದೇ ಕಥೆ. ಎರಡನೆಯದು ಇನ್ನೂ ಆಳದ್ದು. ಚುನಾವಣೆ ಯಾವತ್ತು ‘ಆರಂಭ’ವಾಗುತ್ತದೆ? ಮುಂಚಿನ ಮೂರು ವರ್ಷ ಊರಿನ ಕ್ರಿಕೆಟ್ ಕ್ಲಬ್ಬಿಗೆ, ಚರ್ಚಿನ ಮಾಡಿಗೆ, ಆಸ್ಪತ್ರೆಗೆ ಧಾರಾಳವಾಗಿ ಚಂದಾ ಕೊಟ್ಟವನ ಖರ್ಚು ಯಾವ ಲೆಕ್ಕಕ್ಕೂ ಬರುತ್ತಿರಲಿಲ್ಲ. ಕ್ಷೇತ್ರವನ್ನು ಹೀಗೆ ಪೋಷಿಸುವುದು ಕಾಯ್ದೆಯ ನಂತರ ಇನ್ನೂ ಹೆಚ್ಚಿತು. ಮೂರನೆಯದು ಪಕ್ಷ. ಸಂಬಳದ ಪ್ರಚಾರಕರು ಹೋದ ಜಾಗಕ್ಕೆ ಸ್ವಯಂಸೇವಕರು ಬೇಕಾದರು. 1883ರಲ್ಲೇ ಹುಟ್ಟಿದ ಕನ್ಸರ್ವೇಟಿವರ ಪ್ರಿಮ್ರೋಸ್ ಲೀಗ್ ಹೆಂಗಸರನ್ನೂ ಸೇರಿಸಿಕೊಂಡು ಆ ಕೆಲಸ ಮಾಡಿತು. ಇದು ಒಳ್ಳೆಯದೇ. ಆದರೆ ಲಂಡನ್ನಿನ ಪಕ್ಷದ ಕಚೇರಿ ದೇಶಾದ್ಯಂತ ಮಾಡುವ ಖರ್ಚಿಗೆ ಕಾಯ್ದೆಯಲ್ಲಿ ಮಿತಿಯೇ ಇರಲಿಲ್ಲ. 1883ರಲ್ಲಿ ಅಂಥ ಖರ್ಚು ಚಿಕ್ಕದು, ಆದ್ದರಿಂದ ಜೇಮ್ಸ್‌ನನ್ನು ದೂರುವಂತಿಲ್ಲ.

ಅವನ ಮುಂದಿನ ಬದುಕನ್ನು ಚುಟುಕಾಗಿ ಹೇಳಬಹುದು. 1886ರಲ್ಲಿ ಗ್ಲ್ಯಾಡ್‌ಸ್ಟನ್ ಐರ್ಲೆಂಡಿಗೆ ಸ್ವಯಮಾಡಳಿತ ಕೊಡಲು ಹೊರಟಾಗ ಜೇಮ್ಸ್ ಒಪ್ಪಲಿಲ್ಲ. ವಕೀಲನೊಬ್ಬ ಏರಬಹುದಾದ ತುತ್ತತುದಿಯ ಹುದ್ದೆ ಲಾರ್ಡ್ ಚಾನ್ಸಲರ್ ಸ್ಥಾನ ಕೈಗೆ ಬಂದಿತ್ತು, ಬೇಡವೆಂದ. ಐರಿಷ್ ಪ್ರಶ್ನೆಯಲ್ಲಿ ಅವನ ನಿಲುವು ತಪ್ಪೆಂದೇ ನಾನು ಭಾವಿಸುತ್ತೇನೆ, ಆದರೆ ನಂಬಿಕೆಗಾಗಿ ಅಷ್ಟು ದೊಡ್ಡದನ್ನು ಬಿಟ್ಟದ್ದು ಗೌರವಕ್ಕೆ ಅರ್ಹ. ಪಾರ್ನೆಲ್ ಮೇಲೆ ಟೈಮ್ಸ್ ಪತ್ರಿಕೆ ಹೊರಿಸಿದ ಆರೋಪಗಳನ್ನು ವಿಚಾರಿಸಿದ ಆಯೋಗದ ಮುಂದೆ ಪತ್ರಿಕೆಯ ಪರ ವಾದಿಸಿದ. 1895ರಲ್ಲಿ ಲಾರ್ಡ್ ಜೇಮ್ಸ್ ಆಫ್ ಹೆರಿಫರ್ಡ್ ಆಗಿ ಮೇಲ್ಮನೆಗೆ ಹೋದ. 1898ರಿಂದ 1909ರವರೆಗೆ ಕಲ್ಲಿದ್ದಲು ಗಣಿಗಳ ರಾಜಿ ಮಂಡಳಿಯ ಅಧ್ಯಕ್ಷನಾಗಿ ಮಾಲೀಕರ ಮತ್ತು ಕಾರ್ಮಿಕರ ನಡುವೆ ಕೂಲಿ ತಕರಾರು ಬಗೆಹರಿಸಿದ. ಮದುವೆಯಾಗಲಿಲ್ಲ. 1911ರ ಆಗಸ್ಟ್ 18ರಂದು ತೀರಿಕೊಂಡ. ಅದೇ ತಿಂಗಳು ಬ್ರಿಟಿಷ್ ಸಂಸದರಿಗೆ ವರ್ಷಕ್ಕೆ 400 ಪೌಂಡ್ ಸಂಬಳ ಮಂಜೂರಾಗಿತ್ತು.

ಭಾರತಕ್ಕೆ ಈ ಕಾನೂನು ಬಂದದ್ದು 1919ರ ಸುಧಾರಣೆಗಳ ಬೆನ್ನಿಗೆ. 1920ರ ಕಾಯ್ದೆಯೊಂದು ದಂಡಸಂಹಿತೆಗೆ 171ಎ ಇಂದ 171ಐ ವರೆಗಿನ ಕಲಮುಗಳನ್ನು ಸೇರಿಸಿತು. ಅಭ್ಯರ್ಥಿಯ ಅಧಿಕಾರಪತ್ರವಿಲ್ಲದೆ ಅವನ ಪರ ಖರ್ಚು ಮಾಡುವುದು, ಲೆಕ್ಕ ಇಡದಿರುವುದು ಅಪರಾಧವಾಯಿತು. ದಂಡ ಮಾತ್ರ ಆಗ 500 ರೂಪಾಯಿವರೆಗೆ ಇತ್ತು. 1951ರ ಜನತಾ ಪ್ರಾತಿನಿಧ್ಯ ಕಾಯ್ದೆಯ ಮೊದಲ ರೂಪದಲ್ಲಿ ಭ್ರಷ್ಟ ಆಚರಣೆ, ಅಕ್ರಮ ಆಚರಣೆ ಎಂಬ ಜೇಮ್ಸ್‌ನ ವಿಂಗಡಣೆಯೇ ಇತ್ತು, 1956ರಲ್ಲಿ ಅದನ್ನು ಮೊಟಕು ಮಾಡಿದರು. ಇಂದಿನ 123ನೇ ಕಲಮು ಓದಿದರೆ ಮೀತ್ ಕೌಂಟಿಯ ನೆನಪಾಗುತ್ತದೆ. ದೈವದ ಅವಕೃಪೆಗೆ ಗುರಿಯಾಗುತ್ತೀರಿ ಎಂದು ಮತದಾರರನ್ನು ನಂಬಿಸುವುದು ಅನುಚಿತ ಪ್ರಭಾವ. ದೇವರ ಮುಂದೆ ಆಣೆ ಮಾಡಿಸಿ ದುಡ್ಡು ಹಂಚುವ ನಮ್ಮ ಕಡೆಯ ಪದ್ಧತಿಯನ್ನು ಅಳೆಯಬೇಕಾದದ್ದು ಈ ಮಾತಿನಿಂದಲೂ ಹೌದು. ಮತದಾರರು ತಾವೇ ಹಣ ಹಾಕಿ ಗಾಡಿ ಗೊತ್ತು ಮಾಡಿಕೊಂಡರೆ ತಪ್ಪಲ್ಲ ಎಂಬ ವಿನಾಯಿತಿಯೂ ಜೊತೆಗೇ ಬಂತು. ನಮ್ಮ ಶಾಸನ ಆ ಗಾಡಿ ಯಂತ್ರಬಲದಿಂದ ಓಡುವಂಥದ್ದಾಗಿರಬಾರದು ಎಂದಿತು, ಎತ್ತಿನಗಾಡಿ ಹೂಡಬಹುದು, ಟೆಂಪೋ ಅಲ್ಲ.

ಆದರೆ ಗಟ್ಟಿ ತಿರುಳು ಇಲ್ಲಿ ಸಡಿಲವಾಯಿತು. 100ನೇ ಕಲಮಿನ ಪ್ರಕಾರ ಭ್ರಷ್ಟ ಆಚರಣೆ ಅಭ್ಯರ್ಥಿಯದೋ ಚುನಾವಣಾ ಏಜೆಂಟನದೋ ಆಗಿರಬೇಕು. ಬೇರೆ ಯಾರೋ ಮಾಡಿದ್ದರೆ ಅವರ ಸಮ್ಮತಿಯಿತ್ತೆಂದು ಸಾಬೀತಾಗಬೇಕು. ಬೇರೆ ಏಜೆಂಟರ ಕೃತ್ಯವಾದರೆ ಅದರಿಂದ ಫಲಿತಾಂಶವೇ ಏರುಪೇರಾಯಿತೆಂದು ತೋರಿಸಬೇಕು. ಕ್ರಿಮಿನಲ್ ಮೊಕದ್ದಮೆಯಷ್ಟು ಗಟ್ಟಿ ಸಾಕ್ಷ್ಯವನ್ನು ಕೋರ್ಟುಗಳು ಕೇಳುತ್ತವೆ. 45 ದಿನದೊಳಗೆ ಹೈಕೋರ್ಟಿಗೆ ಅರ್ಜಿ ಹಾಕುವ ಸೋತ ಅಭ್ಯರ್ಥಿಗೆ ಈ ಸಮ್ಮತಿಯ ಸಾಕ್ಷಿ ಸಿಗುವುದು ಎಲ್ಲಿ?

ಇನ್ನೊಂದು ಸಡಿಲಿಕೆ ಬೇಕೆಂದೇ ಮಾಡಿದ್ದು. ಪಕ್ಷವೋ ಸ್ನೇಹಿತರೋ ಅಭ್ಯರ್ಥಿಯ ಅರಿವಿನಲ್ಲೇ ಅವನ ಪರ ಮಾಡಿದ ಖರ್ಚನ್ನು ಅವನ ಲೆಕ್ಕಕ್ಕೆ ಸೇರಿಸಬೇಕೆಂದು 1974ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟು ಕನ್ವರ್‌ಲಾಲ್ ಗುಪ್ತಾ ಪ್ರಕರಣದಲ್ಲಿ ಹೇಳಿತು. ಜೇಮ್ಸ್ ಓದಿದ್ದರೆ ತಲೆದೂಗುತ್ತಿದ್ದ ತೀರ್ಪು ಅದು. ಅದೇ ತಿಂಗಳು ಸುಗ್ರೀವಾಜ್ಞೆ ತಂದು, ಆಮೇಲೆ 77ನೇ ಕಲಮಿಗೆ ವಿವರಣೆ ಸೇರಿಸಿ ಅದನ್ನು ಅಳಿಸಲಾಯಿತು. 2003ರ ತಿದ್ದುಪಡಿ ಆ ವಿನಾಯಿತಿಯನ್ನು ಪಕ್ಷದ ನಾಯಕರ ಪ್ರಚಾರ ಪ್ರವಾಸಕ್ಕೆ ಸೀಮಿತಗೊಳಿಸಿತು. ಕರ್ನಾಟಕದಲ್ಲಿ ಈಗ ವಿಧಾನಸಭಾ ಅಭ್ಯರ್ಥಿಯ ಮಿತಿ 40 ಲಕ್ಷ, ಲೋಕಸಭೆಗೆ 95 ಲಕ್ಷ. ಬ್ರಿಟನ್ 2000ನೇ ಇಸವಿಯ ಕಾಯ್ದೆಯಲ್ಲಿ ಪಕ್ಷದ ಖರ್ಚಿಗೂ, ಸ್ಪರ್ಧಿಸುವ ಪ್ರತಿ ಕ್ಷೇತ್ರಕ್ಕೆ 30,000 ಪೌಂಡ್ ಎಂಬ ಲೆಕ್ಕದಲ್ಲಿ, ಮಿತಿ ಹಾಕಿ ಜೇಮ್ಸ್ ಬಿಟ್ಟುಹೋದ ತೂತನ್ನು ಮುಚ್ಚಿತು. ನಮ್ಮಲ್ಲಿ ಪಕ್ಷಗಳ ಖರ್ಚಿಗೆ ಮಿತಿ ಇನ್ನೂ ಇಲ್ಲ.